ಉಸಿರು ಎಣಿಸಿ ನೋಡಿದಿರಾ?

ನಿಮ್ಮ ಪ್ರಶ್ನೆ, ವೈದ್ಯರ ಉತ್ತರ

ಬೇಸಿಗೆಯಲ್ಲಿ ಬರುವ ಪತ್ರಗಳಲ್ಲಿ ಹೊಟ್ಟೆನೋವು, ಉರಿಮೂತ್ರದ ಮಾತೇ ಹೆಚ್ಚು. ಮುಂಗಾರು ಹಿಡಿದು ಒಂದು ತಿಂಗಳಾಯಿತೆಂದರೆ ಎಲ್ಲವೂ ಎದೆಯ ಮೇಲಿನ ಪ್ರಶ್ನೆಗಳು. ಈ ಸಲ ಬಂದವುಗಳಲ್ಲಿ ಆರನ್ನು ಆರಿಸಿಕೊಂಡಿದ್ದೇನೆ. ಆರರಲ್ಲೂ ನ್ಯುಮೋನಿಯಾ ಇದೆ. ಸಕಲೇಶಪುರದ ಕಡೆ ಸರ್ಕಾರಿ ಆಸ್ಪತ್ರೆಯಲ್ಲಿ ಇಪ್ಪತ್ತೊಂಬತ್ತು ಮಳೆಗಾಲ ಕಳೆದವಳು ನಾನು. ಈ ಕಾಯಿಲೆಯ ಬಗ್ಗೆ ಹೇಳುವುದು ನನ್ನಲ್ಲಿ ತುಂಬ ಇದೆ, ಜಾಗ ಸಾಲದು.

ನಮ್ಮತ್ತೆಗೆ 72 ವರ್ಷ. ಹೋದ ತಿಂಗಳು ತೋಟದಲ್ಲಿ ಮಳೆಗೆ ಸಿಕ್ಕಿ ಪೂರ್ತಿ ನೆಂದು ಬಂದರು. ಮೂರು ದಿನ ಬಿಟ್ಟು ಊಟ ಬಿಟ್ಟರು, ಮಂಕಾಗಿ ಕೂತರು, ಏನೇನೋ ಮಾತಾಡಿದರು. ಮೈ ಬಿಸಿ ಇರಲೇ ಇಲ್ಲ. ವಯಸ್ಸಿನ ಮರೆವು ಅಂದುಕೊಂಡೆವು. ಐದನೇ ದಿನ ಆಸ್ಪತ್ರೆಗೆ ಸೇರಿಸಿದಾಗ ನ್ಯುಮೋನಿಯಾ ಅಂದರು. ಈಗ ಗುಣವಾಗಿ ಮನೆಗೆ ಬಂದಿದ್ದಾರೆ. ಮಳೆಯಲ್ಲಿ ಕಳಿಸಿದ್ದು ನಾನೇ ಎಂದು ಮನೆಯಲ್ಲಿ ಎಲ್ಲರೂ ನನ್ನನ್ನೇ ಅನ್ನುತ್ತಾರೆ. ಜ್ವರ ಇಲ್ಲದೆ ನ್ಯುಮೋನಿಯಾ ಬರುತ್ತದಾ ಮೇಡಂ?
– ಗೃಹಿಣಿ, ಮೂಡಿಗೆರೆ ತಾಲ್ಲೂಕು

ಮೊದಲು ಮನಸ್ಸಿನ ಭಾರ ಇಳಿಸಿಕೊಳ್ಳಿ ತಾಯಿ. ನಿಮ್ಮತ್ತೆಗೆ ಕಾಯಿಲೆ ತಂದದ್ದು ನೀವಲ್ಲ. ಮಳೆ ನೀರಿನಲ್ಲಿ ನ್ಯುಮೋನಿಯಾ ಇರುವುದಿಲ್ಲ. ಮಳೆಯಲ್ಲಿ ನೆಂದವರಿಗೆಲ್ಲ ನ್ಯುಮೋನಿಯಾ ಬರುವ ಹಾಗಿದ್ದರೆ ನಮ್ಮ ಮಲೆನಾಡಿನಲ್ಲಿ ಜನವೇ ಉಳಿಯುತ್ತಿರಲಿಲ್ಲ.

ಇದು ರೋಗಾಣುವಿನಿಂದ ಬರುವ ಕಾಯಿಲೆ. ಮನೆಯಲ್ಲಿ, ಬಸ್ಸಿನಲ್ಲಿ, ಮದುವೆ ಛತ್ರದಲ್ಲಿ ಓಡಾಡುವವರಿಗೆ ಬರುವ ನ್ಯುಮೋನಿಯಾದಲ್ಲಿ ಹೆಚ್ಚಾಗಿ ಕಾಣುವ ಬ್ಯಾಕ್ಟೀರಿಯಾ ನ್ಯುಮೊಕಾಕಸ್. 1881ರಷ್ಟು ಹಿಂದೆಯೇ ಅದನ್ನು ಗುರುತಿಸಿದ್ದರು. ಅದು ಎಲ್ಲೋ ಕಾಡಿನಿಂದ ಬರುವುದಲ್ಲ. ಆರೋಗ್ಯವಾಗಿ ಆಡಿಕೊಂಡಿರುವ ಮಕ್ಕಳ ಮೂಗು, ಗಂಟಲಿನಲ್ಲೇ ಸುಮ್ಮನೆ ಕೂತಿರುತ್ತದೆ. ಯಾರಿಗಾದರೂ ಫ್ಲೂ ಬಂದು ಶ್ವಾಸನಾಳದ ಒಳಪದರ ಹಾಳಾದಾಗ ಅದು ಕೆಳಗಿಳಿಯುತ್ತದೆ. ಶ್ವಾಸಕೋಶದ ತುದಿಯಲ್ಲಿ ಜೇನುತಟ್ಟಿಯ ಕಣ್ಣುಗಳ ಹಾಗೆ ಕೋಟಿಗಟ್ಟಲೆ ಗಾಳಿಗೂಡುಗಳಿವೆ. ಗಾಳಿ ಇರಬೇಕಾದ ಆ ಗೂಡುಗಳಲ್ಲಿ ಕೀವು, ನೀರು ತುಂಬಿಕೊಂಡರೆ ಅದೇ ನ್ಯುಮೋನಿಯಾ. ಫ್ಲೂ, ಕೋವಿಡ್‌ನಂಥ ವೈರಸ್‌ಗಳು ತಾವೇ ನೇರವಾಗಿ ಇದನ್ನು ಮಾಡುವುದೂ ಉಂಟು.

ಹಾಗಾದರೆ ಮಳೆಗಾಲದಲ್ಲೇ ಯಾಕೆ ಹೆಚ್ಚು? ನಿಮ್ಮ ಮನೆಯನ್ನೇ ನೆನೆಸಿಕೊಳ್ಳಿ. ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ನಮ್ಮಲ್ಲಿ ಫ್ಲೂ ಕಾಲ. ಕಿಟಕಿ ಎಲ್ಲ ಮುಚ್ಚಿರುತ್ತದೆ. ಒಣಗದ ಬಟ್ಟೆ, ಕಂಬಳಿಯನ್ನು ಒಲೆಯ ಮೇಲಿನ ತಂತಿಗೆ ಹಾಕಿರುತ್ತೇವೆ. ಬಚ್ಚಲ ಹಂಡೆಯ ಒಲೆಗೆ ಹಸಿ ಸೌದೆ ತುರುಕಿ ಹೊಗೆ ಎಬ್ಬಿಸುತ್ತೇವೆ. ಶಾಲೆಯಿಂದ ಬಂದ ಮಕ್ಕಳು ಅದೇ ಕೋಣೆಯಲ್ಲಿ ಅಜ್ಜಿಯ ಮಗ್ಗುಲಲ್ಲಿ ಕೂತು ಕೆಮ್ಮುತ್ತಾರೆ. ಹೊಗೆ ಶ್ವಾಸನಾಳದ ಕಾವಲನ್ನು ಕೆಡಿಸುತ್ತದೆ, ಮುಚ್ಚಿದ ಕೋಣೆ ರೋಗಾಣುವಿಗೆ ದಾರಿ ಮಾಡಿಕೊಡುತ್ತದೆ. ಬೈಗುಳ ಮಳೆಗೆ ಬೀಳುತ್ತದೆ.

ಜ್ವರದ ವಿಷಯಕ್ಕೆ ಬರುತ್ತೇನೆ. ಹೌದು, ವಯಸ್ಸಾದವರಲ್ಲಿ ಜ್ವರವಿಲ್ಲದೆಯೂ ಬರುತ್ತದೆ, ಕೆಮ್ಮು ಇಲ್ಲದೆಯೂ ಬರುತ್ತದೆ. ಊಟ ಸೇರದಿರುವುದು, ಇದ್ದಕ್ಕಿದ್ದಂತೆ ಮಂಕಾಗುವುದು, ಗುರುತು ತಪ್ಪುವುದು, ನಡೆಯುವಾಗ ಬೀಳುವುದು ಇವೇ ಅವರ ಲಕ್ಷಣ. ನನ್ನ ತಾಯಿ ಒಂದು ಬೆಳಿಗ್ಗೆ ಬಚ್ಚಲಲ್ಲಿ ಬಿದ್ದರು. ನಾನು ಮಂಡಿ ನೋಡಿದೆ, ಸೊಂಟ ನೋಡಿದೆ, ರಕ್ತದೊತ್ತಡ ನೋಡಿದೆ. ಮೂಳೆ ಮುರಿದಿಲ್ಲ ಎಂದು ಸಮಾಧಾನವಾಗಿ ಕೆಲಸಕ್ಕೆ ಹೋದೆ. ಸಂಜೆ ಬಂದಾಗ ಅಮ್ಮ ಗೋಡೆಗೊರಗಿ ಕೂತಿದ್ದರು, ಸೆರಗು ಎದೆಯ ಮೇಲೆ ಬೇಗ ಬೇಗ ಏರಿಳಿಯುತ್ತಿತ್ತು. ಗಡಿಯಾರ ಹಿಡಿದು ಎಣಿಸಿದೆ. ನಿಮಿಷಕ್ಕೆ 34. ಮೈ ತಣ್ಣಗಿತ್ತು. ಎಕ್ಸ್‌ರೇಯಲ್ಲಿ ಬಲಗಡೆಯ ಕೆಳಭಾಗ ಪೂರ್ತಿ ಬೆಳ್ಳಗಿತ್ತು. ಐದು ದಿನ ಆಮ್ಲಜನಕ ಕೊಟ್ಟು ಉಳಿಸಿಕೊಂಡೆವು. ಬೆಳಿಗ್ಗೆಯೇ ಒಂದು ನಿಮಿಷ ಎಣಿಸಿದ್ದರೆ ಹನ್ನೆರಡು ಗಂಟೆ ಮೊದಲು ಔಷಧಿ ಶುರುವಾಗುತ್ತಿತ್ತು. ಆ ದಿನದಿಂದ ನನ್ನ ಕೋಣೆಗೆ ಯಾವ ಅಜ್ಜ, ಅಜ್ಜಿ ಯಾವ ಕಾರಣಕ್ಕೆ ಬಂದರೂ ಉಸಿರು ಎಣಿಸದೆ ಕಳಿಸಿಲ್ಲ.

ಎಣಿಸುವುದು ಹೇಗೆಂದು ಹೇಳುತ್ತೇನೆ, ನಿಮ್ಮ ಮನೆಯಲ್ಲೇ ಮಾಡಬಹುದು. ಸೆಕೆಂಡಿನ ಮುಳ್ಳಿರುವ ಗಡಿಯಾರ ಸಾಕು. ಎದೆಯೋ ಹೊಟ್ಟೆಯೋ ಒಮ್ಮೆ ಏರಿ ಇಳಿದರೆ ಒಂದು. ಅರ್ಧ ನಿಮಿಷ ಎಣಿಸಿ ಎರಡರಿಂದ ಗುಣಿಸಬೇಡಿ, ಪೂರ್ತಿ ಒಂದು ನಿಮಿಷ ಎಣಿಸಿ. ಮೆಟ್ಟಿಲು ಹತ್ತಿ ಬಂದ ಕೂಡಲೇ ಬೇಡ, ಸ್ವಲ್ಪ ಹೊತ್ತು ಕೂತಿರಲಿ. 'ಉಸಿರು ನೋಡ್ತೀನಿ' ಎಂದು ಹೇಳಲೂಬೇಡಿ, ಹೇಳಿದರೆ ಉಸಿರಾಟವೇ ಬದಲಾಗುತ್ತದೆ. ನಾನು ನಾಡಿ ನೋಡುವವಳ ಹಾಗೆ ಮಣಿಕಟ್ಟು ಹಿಡಿದುಕೊಂಡು ಎದೆಯನ್ನು ನೋಡುತ್ತಿರುತ್ತೇನೆ. ದೊಡ್ಡವರಲ್ಲಿ 12ರಿಂದ 20 ಸಹಜ. 30 ಮುಟ್ಟಿದರೆ ಆಸ್ಪತ್ರೆಗೆ ಹೊರಡಬೇಕು, ಬೆಳಗಾಗಲಿ ಎಂದು ಕಾಯುವಂತಿಲ್ಲ. 24, 25 ಬಂದು ಜೊತೆಗೆ ಮಂಕು ಇದ್ದರೂ ಅಷ್ಟೇ.

ಕೋವಿಡ್ ಕಾಲದಲ್ಲಿ ಕೊಂಡ ಬೆರಳಿನ ಆಕ್ಸಿಮೀಟರ್ ಮನೆಯಲ್ಲಿದ್ದರೆ ಅದನ್ನೂ ಬಳಸಿ. 94ಕ್ಕಿಂತ ಕೆಳಗಿದ್ದರೆ ವೈದ್ಯರಿಗೆ ತೋರಿಸಿ, 90 ಅಥವಾ ಅದಕ್ಕೂ ಕೆಳಗಿದ್ದರೆ ತುರ್ತು. ನಮ್ಮ ಚಳಿಗೆ ಬೆರಳು ತಣ್ಣಗಾಗಿ ಯಂತ್ರ ತಪ್ಪು ತೋರಿಸುತ್ತದೆ. ಕೈ ಉಜ್ಜಿ ಬಿಸಿ ಮಾಡಿ, ಉಗುರಿನ ಬಣ್ಣ ತೆಗೆದು ನೋಡಿ.

ಅತ್ತೆಯವರಿಗೆ ಇನ್ನೆರಡು ಮಾತು. ಮಲಗಿದ್ದ ಹಾಗೇ ಗಂಜಿ, ನೀರು ಕುಡಿಸಬೇಡಿ, ಎಬ್ಬಿಸಿ ಕೂರಿಸಿ ಕೊಡಿ. ಇಲ್ಲದಿದ್ದರೆ ಅದು ಶ್ವಾಸನಾಳಕ್ಕೆ ಇಳಿಯುತ್ತದೆ. ಕಟ್ಟಿಸಿದ ಹಲ್ಲಿದ್ದರೆ ರಾತ್ರಿ ತೆಗೆದು ತೊಳೆದಿಡಿ. ಬಾಯಿಯಲ್ಲಿ ಬೆಳೆದ ರೋಗಾಣು ನಿದ್ದೆಯಲ್ಲಿ ಜೊಲ್ಲಿನ ಜೊತೆ ಎದೆಗಿಳಿಯುತ್ತದೆ. ವಯಸ್ಸಾದವರ ಹಲ್ಲು, ಬಾಯಿ ಶುಚಿಯಾಗಿಡುವುದೂ ನ್ಯುಮೋನಿಯಾ ತಡೆಯುವ ಕೆಲಸವೇ.

ಮಗಳನ್ನು ಬಾಣಂತನಕ್ಕೆ ಕರೆತಂದಿದ್ದೇವೆ. ಗಂಡು ಮಗು, ಎರಡೂವರೆ ತಿಂಗಳು. ಸ್ನಾನ ಮಾಡಿಸಿ ಮೂಗಿಗೆ ಎರಡೆರಡು ತೊಟ್ಟು ಎಣ್ಣೆ ಬಿಟ್ಟು, ಸಾಂಬ್ರಾಣಿ ಹೊಗೆ ಕೊಟ್ಟು ಮಲಗಿಸುತ್ತೇನೆ. ವಾರಕ್ಕೊಮ್ಮೆ ಒಂದು ಚಮಚ ಹರಳೆಣ್ಣೆ. ಆಶಾ ಕಾರ್ಯಕರ್ತೆ ಬಂದವಳು ಇದೆಲ್ಲ ಮಾಡಿದರೆ ನ್ಯುಮೋನಿಯಾ ಬರುತ್ತೆ ಅಂತ ಮಗಳಿಗೆ ಹೇಳಿ ಹೋಗಿದ್ದಾಳೆ. ನಾನು ಐದು ಮಕ್ಕಳನ್ನು ಹೀಗೇ ಸಾಕಿದವಳು. ನನ್ನ ಕೈಗೆ ಮಗು ಕೊಡಲು ಮಗಳೇ ಹಿಂದೆಮುಂದೆ ನೋಡುತ್ತಾಳೆ.
– ಒಬ್ಬ ಅಜ್ಜಿ, ಚನ್ನರಾಯಪಟ್ಟಣ

ಅಜ್ಜಿ, ಐದು ಮಕ್ಕಳನ್ನು ಸಾಕಿದ ಕೈ ನಿಮ್ಮದು. ಅದರ ಮೇಲೆ ನನಗೆ ಗೌರವವಿದೆ. ಬೆಚ್ಚಗೆ ಸುತ್ತುವುದು, ಎದೆಹಾಲು ಬಿಟ್ಟು ಬೇರೇನೂ ಕೊಡದಿರುವುದು, ಬಂದುಹೋಗುವವರನ್ನೆಲ್ಲ ಬಾಣಂತಿ ಕೋಣೆಗೆ ಬಿಡದಿರುವುದು, ಇವೆಲ್ಲ ಮಗುವಿನ ಎದೆಯನ್ನು ಕಾಯುವ ಕ್ರಮಗಳೇ. ಆರು ತಿಂಗಳು ಬರೀ ಎದೆಹಾಲು ಕುಡಿದ ಮಗುವಿಗೆ ನ್ಯುಮೋನಿಯಾ ಕಡಿಮೆ.

ಆದರೆ ಎಣ್ಣೆಯ ವಿಷಯದಲ್ಲಿ ಆಶಾ ಹೇಳಿದ್ದೇ ಸರಿ. ಮೂಗಿಗೆ ಬಿಟ್ಟ ಎಣ್ಣೆ ಗಂಟಲಿಗೆ ಇಳಿಯುತ್ತದೆ. ನೀರು ಹೋದರೆ ಮಗು ಕೆಮ್ಮಿ ಹೊರಹಾಕುತ್ತದೆ, ಎಣ್ಣೆ ನುಣುಪಾಗಿ ಕೆಮ್ಮನ್ನೇ ಎಬ್ಬಿಸದೆ ಶ್ವಾಸಕೋಶಕ್ಕೆ ಜಾರಿಬಿಡುತ್ತದೆ. ಒಳಗೆ ಹೋದ ಎಣ್ಣೆಯನ್ನು ತೆಗೆಯುವ ಔಷಧಿ ನಮ್ಮ ಹತ್ತಿರ ಇಲ್ಲ. ಅದು ರೋಗಾಣುವಿನ ನ್ಯುಮೋನಿಯಾ ಅಲ್ಲ, ಎಣ್ಣೆಯದೇ ನ್ಯುಮೋನಿಯಾ. ನಾಲ್ಕು ತಿಂಗಳ ಒಂದು ಹೆಣ್ಣುಮಗುವನ್ನು ನಾನು ಮರೆಯಲಾರೆ. ಮೂರು ಕಡೆ ಇಂಜೆಕ್ಷನ್ ಹಾಕಿಸಿಕೊಂಡು ಬಂದಿತ್ತು, ಉಸಿರಾಟ ಮಾತ್ರ ಇಳಿದಿರಲಿಲ್ಲ. ಪರೀಕ್ಷೆ ಮಾಡಲು ಹತ್ತಿರ ಬಗ್ಗಿದಾಗ ಮೂಗಿನ ಹೊಳ್ಳೆಯ ಅಂಚಿನಲ್ಲಿ ಎಣ್ಣೆಯ ಮಿಂಚು ಕಂಡಿತು, ಕೊಬ್ಬರಿ ಎಣ್ಣೆಯ ವಾಸನೆ ಬಂತು. ದಿನವೂ ಬಿಡುತ್ತೀರಾ ಎಂದು ಕೇಳಿದೆ. ಹುಟ್ಟಿದಾಗಿನಿಂದ ಎಂದರು. ಆ ಎದೆ ತಿಳಿಯಾಗಲು ತಿಂಗಳುಗಟ್ಟಲೆ ಹಿಡಿಯಿತು. ಆ ಎಣ್ಣೆ ಬಿಟ್ಟದ್ದು ಮಗುವಿನ ಮೇಲೆ ಪ್ರಾಣವನ್ನೇ ಇಟ್ಟಿದ್ದ ಅಜ್ಜಿ.

ಹರಳೆಣ್ಣೆಯದೂ ಇದೇ ಕಥೆ. ಮೂಗು ಹಿಡಿದು, ಅಳುವ ಬಾಯಿಗೆ ಸುರಿದರೆ ಅರ್ಧ ಹೊಟ್ಟೆಗೆ, ಅರ್ಧ ಎದೆಗೆ. ಎಣ್ಣೆಯನ್ನು ಮೈಗೆ ಹಚ್ಚಿ, ಬೇಕಾದಷ್ಟು ತಿಕ್ಕಿ. ಮೂಗು, ಕಿವಿ, ಬಾಯಿಗೆ ಬೇಡ. ಮೂಗು ಕಟ್ಟಿದ್ದರೆ ಔಷಧಿ ಅಂಗಡಿಯಲ್ಲಿ ಉಪ್ಪುನೀರಿನ ಹನಿ ಸಿಗುತ್ತದೆ, ಹಾಲು ಕುಡಿಸುವ ಮೊದಲು ಒಂದೊಂದು ಹನಿ ಸಾಕು. ಸಾಂಬ್ರಾಣಿ ಸುವಾಸನೆ ಇದ್ದರೂ ಅದು ಹೊಗೆಯೇ. ಕೂದಲು ಒಣಗಲು ಮೆತ್ತನೆ ಬಟ್ಟೆ ಇದೆ. ಬಾಣಂತಿ ಕೋಣೆಯೊಳಗೆ ಕೆಂಡದ ಅಗ್ಗಿಷ್ಟಿಕೆಯನ್ನಂತೂ ಇಡಲೇಬೇಡಿ. ಬಿಸಿಲು ಬಂದಾಗ ಎದುರು ಬದುರಿನ ಕಿಟಕಿ ಸ್ವಲ್ಪ ಹೊತ್ತು ತೆಗೆದಿಡಿ, ಮಗು ಬೆಚ್ಚಗಿದ್ದರೆ ಗಾಳಿಯಿಂದ ಏನೂ ಆಗದು.

ನಿಮ್ಮ ಕೈಗೆ ಒಂದು ಹೊಸ ಕೆಲಸ ಕೊಡುತ್ತೇನೆ, ಅಜ್ಜಿ. ಮಗುವಿಗೆ ನೆಗಡಿ, ಕೆಮ್ಮು ಆದಾಗ ಅದು ನಿದ್ದೆಯಲ್ಲಿರುವಾಗ ಅಂಗಿ ಮೇಲೆತ್ತಿ ಉಸಿರು ಎಣಿಸಿ. ಎರಡು ತಿಂಗಳಿಗಿಂತ ಸಣ್ಣ ಮಗುವಿಗೆ ನಿಮಿಷಕ್ಕೆ 60 ಅಥವಾ ಹೆಚ್ಚು, ಎರಡು ತಿಂಗಳಿಂದ ಒಂದು ವರ್ಷದೊಳಗೆ 50 ಅಥವಾ ಹೆಚ್ಚು, ಒಂದರಿಂದ ಐದು ವರ್ಷದೊಳಗೆ 40 ಅಥವಾ ಹೆಚ್ಚು ಬಂದರೆ ಅದು ಬರೀ ನೆಗಡಿಯಲ್ಲ. ನಿಮ್ಮ ಮೊಮ್ಮಗನಿಗೆ ನೆನಪಿಡಬೇಕಾದ ಲೆಕ್ಕ 50. ಉಸಿರು ಒಳಗೆ ಎಳೆದಾಗ ಪಕ್ಕೆಲುಬಿನ ಕೆಳಗೆ ಗುಳಿ ಬೀಳುತ್ತಿದ್ದರೆ, ಹಾಲು ಕುಡಿಯದಿದ್ದರೆ, ತುಟಿ ನೀಲಿಯಾದರೆ, ಎಬ್ಬಿಸಿದರೂ ಏಳದಿದ್ದರೆ ಎಣಿಸುತ್ತ ಕೂರದೆ 108ಕ್ಕೆ ಫೋನ್ ಮಾಡಿಸಿ. ಎದೆಯಲ್ಲಿ ಗೊರಗೊರ ಸದ್ದು ಬಂದರೆ ಎಲ್ಲರೂ ಹೆದರುತ್ತಾರೆ, ಎಷ್ಟೋ ಸಲ ಅದು ಮೂಗಿನ ಸದ್ದು. ಸದ್ದಿಲ್ಲದ ವೇಗದ ಉಸಿರಿಗೆ ಹೆದರಬೇಕು.

ತಾಯಿ ಕಾರ್ಡ್ ತೆಗೆದು ಒಮ್ಮೆ ನೋಡಿ. ನ್ಯುಮೊಕಾಕಸ್ ಲಸಿಕೆ, ಅಂದರೆ ಪಿಸಿವಿ, ಆರು ವಾರಕ್ಕೆ ಆಗಿರಬೇಕು. ಮುಂದಿನದು 14 ವಾರಕ್ಕೆ, ಆಮೇಲೆ 9 ತಿಂಗಳಿಗೆ. 2017ರಲ್ಲಿ ಕೆಲವು ರಾಜ್ಯಗಳಲ್ಲಿ ಶುರುವಾಗಿ 2021ರಲ್ಲಿ ದೇಶಕ್ಕೆಲ್ಲ ಬಂತು, ಸರ್ಕಾರಿ ಕೇಂದ್ರದಲ್ಲಿ ಉಚಿತ. 6, 10, 14 ವಾರಕ್ಕೆ ಕೊಡುವ ಪೆಂಟಾವೇಲೆಂಟ್‌ನಲ್ಲಿ ನ್ಯುಮೋನಿಯಾ ತರುವ ಇನ್ನೊಂದು ರೋಗಾಣು ಹಿಬ್‌ನ ವಿರುದ್ಧದ ಲಸಿಕೆಯೂ ಸೇರಿದೆ. ದಡಾರದ ಚುಚ್ಚುಮದ್ದನ್ನೂ ತಪ್ಪಿಸಬೇಡಿ, ದಡಾರದ ಬೆನ್ನಿಗೇ ನ್ಯುಮೋನಿಯಾ ಬರುತ್ತದೆ. ನಾನು ಕೆಲಸಕ್ಕೆ ಸೇರಿದ ವರ್ಷಗಳಲ್ಲಿ ನಮ್ಮ ಕೈಯಲ್ಲಿ ಪಿಸಿವಿ ಇರಲಿಲ್ಲ. ಆಗ ಕಳೆದುಕೊಂಡ ಮಕ್ಕಳ ನೆನಪಿರುವುದರಿಂದ ಇದನ್ನು ಇಷ್ಟು ಒತ್ತಿ ಹೇಳುತ್ತಿದ್ದೇನೆ.

ನಿವೃತ್ತ ಶಿಕ್ಷಕ, 67 ವರ್ಷ, ಹದಿನಾಲ್ಕು ವರ್ಷದಿಂದ ಸಕ್ಕರೆ ಕಾಯಿಲೆ. ದೊಡ್ಡವರಿಗೂ ನ್ಯುಮೋನಿಯಾ ಲಸಿಕೆ ಇದೆಯಂತೆ. ನಮ್ಮದು ಒಣ ಸೀಮೆ, ಮಲೆನಾಡಿನ ಮಳೆಯೂ ಇಲ್ಲ. ನನಗೆ ಅಗತ್ಯವೇ?
– ಅರಸೀಕೆರೆ

ಅಗತ್ಯ ಮೇಷ್ಟ್ರೇ. ಒಣ ಸೀಮೆಯಲ್ಲೂ ಜನ ಕೆಮ್ಮುತ್ತಾರೆ. 65 ದಾಟಿದ್ದು ಒಂದು ಕಾರಣ, ಸಕ್ಕರೆ ಕಾಯಿಲೆ ಇನ್ನೊಂದು. ಹೃದಯ, ಮೂತ್ರಪಿಂಡ, ಲಿವರ್ ತೊಂದರೆ ಇರುವವರು, ಉಬ್ಬಸದವರು, ಬೀಡಿ ಸಿಗರೇಟು ಸೇದುವವರು, ದಿನವೂ ಕುಡಿಯುವವರು, ಗುಲ್ಮ (ಸ್ಪ್ಲೀನ್) ತೆಗೆಸಿಕೊಂಡವರು, ಸ್ಟೀರಾಯ್ಡ್ ಮಾತ್ರೆ ನುಂಗುವವರು ಇದೇ ಸಾಲಿನವರು.

ನಿಮಗೆ ಬೇಕಾದವು ಎರಡು. ಒಂದು ಫ್ಲೂ ಲಸಿಕೆ, ಪ್ರತಿ ವರ್ಷ, ಮಳೆಗಾಲ ಶುರುವಾಗುವ ಮುಂಚೆ. ಫ್ಲೂ ವೈರಸ್ ರೂಪ ಬದಲಿಸುತ್ತಲೇ ಇರುವುದರಿಂದ ಹೋದ ವರ್ಷದ್ದು ಈ ವರ್ಷಕ್ಕೆ ಸಾಲದು. ಇನ್ನೊಂದು ನ್ಯುಮೊಕಾಕಸ್ ಲಸಿಕೆ. ಇದು ಪ್ರತಿ ವರ್ಷದ್ದಲ್ಲ. ಇದರಲ್ಲಿ ಬೇರೆ ಬೇರೆ ಬಗೆ ಇವೆ, ಕೆಲವು ಒಂದೇ ಸಲಕ್ಕೆ ಮುಗಿಯುತ್ತವೆ, ಕೆಲವಕ್ಕೆ ವರ್ಷ ಬಿಟ್ಟು ಇನ್ನೊಂದು ಬೇಕು. ನಿಮ್ಮ ಸಕ್ಕರೆ ನೋಡುವ ವೈದ್ಯರು ಯಾವುದು ಎಂದು ಹೇಳುತ್ತಾರೆ. ಮಕ್ಕಳಿಗೆ ಸಿಗುವ ಹಾಗೆ ಇದು ಉಚಿತವಲ್ಲ, ಸಾವಿರಗಳ ಲೆಕ್ಕ. ಪಿಂಚಣಿಯಲ್ಲಿ ಬದುಕುವವರಿಗೆ ಅದು ಸಣ್ಣ ಮೊತ್ತವಲ್ಲ ಎಂದು ಗೊತ್ತಿದ್ದೂ ಹಾಕಿಸಿಕೊಳ್ಳಿ ಎನ್ನುತ್ತೇನೆ. ಲಸಿಕೆ ಎಲ್ಲ ನ್ಯುಮೋನಿಯಾವನ್ನೂ ತಡೆಯುವುದಿಲ್ಲ. ತೀವ್ರವಾಗಿ ರಕ್ತಕ್ಕೆ ಹರಡುವ ಬಗೆಯನ್ನು ಚೆನ್ನಾಗಿ ತಡೆಯುತ್ತದೆ.

ಮನೆಯಲ್ಲಿ ಮೊಮ್ಮಕ್ಕಳಿದ್ದರೆ ಅವರ ಪಿಸಿವಿ ನಿಮ್ಮನ್ನೂ ಕಾಯುತ್ತದೆ. ಅಮೆರಿಕದಲ್ಲಿ 2000ದಲ್ಲಿ ಮಕ್ಕಳಿಗೆ ಈ ಲಸಿಕೆ ಶುರು ಮಾಡಿದ ಮೇಲೆ, ಲಸಿಕೆ ಹಾಕಿಸಿಕೊಳ್ಳದ ವೃದ್ಧರಲ್ಲೂ ತೀವ್ರ ನ್ಯುಮೊಕಾಕಸ್ ಕಾಯಿಲೆ ಇಳಿಯಿತು.

ಹಾಸ್ಟೆಲಿನಲ್ಲಿ ನನ್ನ ರೂಮ್‌ಮೇಟ್‌ಗೆ ನ್ಯುಮೋನಿಯಾ. ನನಗೂ ಅಂಟುತ್ತದಾ? ಮೊಸರು, ಬಾಳೆಹಣ್ಣು ಬಿಡಬೇಕಾ?
– ಕಾಲೇಜು ವಿದ್ಯಾರ್ಥಿನಿ, ಬೇಲೂರು

ಅವಳ ಕೆಮ್ಮಿನ ಹನಿಯಿಂದ ರೋಗಾಣು ನಿನಗೆ ಬರಬಹುದು, ಆದರೆ ಬಂದವರಿಗೆಲ್ಲ ನ್ಯುಮೋನಿಯಾ ಆಗುವುದಿಲ್ಲ. ಹೆಚ್ಚಿನವರಿಗೆ ನೆಗಡಿ, ಕೆಮ್ಮಿನಲ್ಲೇ ಮುಗಿಯುತ್ತದೆ. ಕಿಟಕಿ ತೆಗೆದಿಡು, ಕೆಮ್ಮುವಾಗ ಅವಳು ಮಾಸ್ಕ್ ಹಾಕಿಕೊಳ್ಳಲಿ, ಇಬ್ಬರೂ ಸೋಪು ಹಚ್ಚಿ ಕೈ ತೊಳೆಯಿರಿ, ಒಂದೇ ಲೋಟದಲ್ಲಿ ಕುಡಿಯಬೇಡಿ. ಮೊಸರು, ಬಾಳೆಹಣ್ಣು ತಿನ್ನು. ಅವಳಿಗೂ ಕೊಡು.

ಕಾಫಿ ತೋಟದಲ್ಲಿ ರೈಟರ್ ಆಗಿದ್ದೇನೆ. ಕೂಲಿಯವರ ಲೈನ್ ಮನೆಗಳಲ್ಲಿ ನಲವತ್ತು ಜನ ಇದ್ದಾರೆ, ಹೆಚ್ಚಿನವರು ಹೊರರಾಜ್ಯದವರು. ಮಳೆ ಶುರುವಾದರೆ ಎಲ್ಲರಿಗೂ ಕೆಮ್ಮು. ಪೇಟೆಯಿಂದ ಮೂರು ಮಾತ್ರೆಯ ಅಜಿತ್ರೊಮೈಸಿನ್ ಪಟ್ಟಿಗಳನ್ನು ತಂದಿಟ್ಟುಕೊಂಡು ಕೊಡುತ್ತೇನೆ. ಮುಂಜಾಗ್ರತೆಗೆ ಒಳ್ಳೆಯದಲ್ಲವೇ?
– ಚಿಕ್ಕಮಗಳೂರು ತಾಲ್ಲೂಕು

ನಿಮ್ಮ ಕಾಳಜಿ ಅರ್ಥವಾಗುತ್ತದೆ, ಆಸ್ಪತ್ರೆ ದೂರ, ಕೂಲಿ ತಪ್ಪುತ್ತದೆ. ಆದರೂ ಆ ಮಾತ್ರೆ ನಿಲ್ಲಿಸಿ. ಹತ್ತರಲ್ಲಿ ಬಹುಪಾಲು ಕೆಮ್ಮು ವೈರಸ್‌ನದು, ಆಂಟಿಬಯೋಟಿಕ್‌ಗೂ ಅದಕ್ಕೂ ಸಂಬಂಧವೇ ಇಲ್ಲ. ಬೇಡದ ಕಡೆ ಕೊಟ್ಟೂ ಕೊಟ್ಟೂ ರೋಗಾಣುಗಳು ಅದಕ್ಕೆ ಬಗ್ಗದಂತಾಗಿವೆ. ನಿಜವಾದ ನ್ಯುಮೋನಿಯಾ ಬಂದ ದಿನ ಅದು ಕೈಕೊಡುತ್ತದೆ. ಇನ್ನು ಕೆಲವರು ಲಿವೊಫ್ಲಾಕ್ಸಸಿನ್ ಕೊಡುತ್ತಾರೆ. ಅದು ಕ್ಷಯವನ್ನು ಅರ್ಧಂಬರ್ಧ ಅದುಮಿಟ್ಟು ಪತ್ತೆಯಾಗುವುದನ್ನು ತಡ ಮಾಡುತ್ತದೆ. ಎರಡು ವಾರ ದಾಟಿದ ಕೆಮ್ಮಿದ್ದರೆ ಕಫ ಪರೀಕ್ಷೆ ಮಾಡಿಸಿ, ಸರ್ಕಾರಿ ಆಸ್ಪತ್ರೆಯಲ್ಲಿ ಹಣವಿಲ್ಲ.

ಮಾತ್ರೆಯ ದುಡ್ಡಿನಲ್ಲಿ ಒಂದು ಆಕ್ಸಿಮೀಟರ್ ತನ್ನಿ. ಬೆಳಿಗ್ಗೆ ಹಾಜರಿ ಕರೆಯುವಾಗ ಕೆಮ್ಮುವವರನ್ನು ಒಂದು ನಿಮಿಷ ಕೂರಿಸಿ ಉಸಿರು ಎಣಿಸಿ. ಚಳಿ ನಡುಗಿಸಿ ಜ್ವರ, ಉಸಿರು ಎಳೆದರೆ ಎದೆಯ ಒಂದು ಪಕ್ಕ ಚುಚ್ಚುವುದು, ಇಟ್ಟಿಗೆ ಪುಡಿ ಬಣ್ಣದ ಕಫ, ಇವು ಕಂಡವರನ್ನು ಅದೇ ದಿನ ಕಳಿಸಿ. ಮಾಲೀಕರ ಹತ್ತಿರ ಒಂದು ಮಾತು ಎತ್ತಿ: ಲೈನ್ ಮನೆಯ ಅಡುಗೆ ಮೂಲೆಯ ಮೇಲೆ ಹೊಗೆ ಹೋಗಲು ದಾರಿ ಇದೆಯೇ? ನಾನು ನೋಡಿದ ಎಷ್ಟೋ ಲೈನ್‌ಗಳಲ್ಲಿ ಹೆಂಚಿನ ಒಳಮೈ ಕಪ್ಪು ಅಂಟಾಗಿದೆ, ಅದರ ಕೆಳಗೇ ಹಸುಗೂಸಿನ ಜೋಲಿ ಕಟ್ಟಿರುತ್ತಾರೆ. ನಾಲ್ಕು ಹೆಂಚು ತೆಗೆದು ಒಂದು ಚಿಮಣಿ ಕೂರಿಸುವುದು ದೊಡ್ಡ ಖರ್ಚಲ್ಲ. ಬೇರೆ ರಾಜ್ಯದಿಂದ ಬಂದ ಮಕ್ಕಳಿಗೂ ನಮ್ಮ ಲಸಿಕೆ ಉಚಿತ, ಅವರ ಹಳೆ ಕಾರ್ಡ್ ಇಲ್ಲದಿದ್ದರೂ ನಡೆಯುತ್ತದೆ. ಆ ಮಕ್ಕಳ ಹೆಸರು, ವಯಸ್ಸು ಬರೆದು ನಿಮ್ಮ ಆಶಾಗೆ ಕೊಡಿ.

ವಯಸ್ಸು 48, ಬೀಡಿ ಸೇದುತ್ತೇನೆ. ನ್ಯುಮೋನಿಯಾ ಆಗಿ ಮನೆಗೆ ಬಂದು ಹತ್ತು ದಿನ. ಜ್ವರ ಇಲ್ಲ, ಆದರೆ ಕೊಟ್ಟಿಗೆಯಿಂದ ಮನೆಗೆ ಬರುವಷ್ಟರಲ್ಲಿ ಸುಸ್ತು. ಕಾಯಿಲೆ ಒಳಗೇ ಉಳಿದಿದೆಯಾ? ಕೆಲಸಕ್ಕೆ ಯಾವಾಗ ಹೋಗಲಿ?
– ರೈತ, ಆಲೂರು

ಜ್ವರ ಮತ್ತೆ ಬಂದಿಲ್ಲ, ಊಟ ಸೇರುತ್ತಿದೆ, ದಿನದಿನಕ್ಕೆ ಒಂದಿಷ್ಟು ಹೆಚ್ಚು ದೂರ ನಡೆಯಲು ಆಗುತ್ತಿದೆ ಎಂದರೆ ಒಳಗೆ ಉಳಿದಿಲ್ಲ. ಜ್ವರ ಒಂದು ವಾರದಲ್ಲಿ ಇಳಿದರೂ ಕೆಮ್ಮು ಹೋಗಲು ಒಂದೂವರೆ ತಿಂಗಳು, ಸುಸ್ತು ಪೂರ್ತಿ ಹೋಗಲು ಮೂರು ತಿಂಗಳೂ ಹಿಡಿಯಬಹುದು. ಹಾಲು ಕರೆಯುವುದು, ಸಣ್ಣಪುಟ್ಟ ಕೆಲಸ ಈಗಲೇ ಮಾಡಿ. ಮೂಟೆ ಹೊರುವುದು, ಗುದ್ದಲಿ ಕೆಲಸ ಇನ್ನೂ ಮೂರ್ನಾಲ್ಕು ವಾರ ಬೇಡ. ಜ್ವರ ಮರುಕಳಿಸಿದರೆ, ಕಫದಲ್ಲಿ ರಕ್ತ ಕಂಡರೆ, ಕೂತಲ್ಲೇ ಉಸಿರು ಕಟ್ಟಿದರೆ ಅವತ್ತೇ ಹೋಗಿ ತೋರಿಸಿ.

ಬೀಡಿ ಆಸ್ಪತ್ರೆಯಲ್ಲಿದ್ದಷ್ಟು ದಿನ ಬಿಟ್ಟಿದ್ದಿರಿ. ಅದನ್ನು ಮತ್ತೆ ಶುರು ಮಾಡಿದ್ದೀರೋ ಇಲ್ಲವೋ ಬರೆದಿಲ್ಲ. ಮಾಡಿಲ್ಲದಿದ್ದರೆ ಇದಕ್ಕಿಂತ ಒಳ್ಳೆಯ ಸಂದರ್ಭ ಸಿಗುವುದಿಲ್ಲ, ಮೊದಲ ಕಷ್ಟದ ದಿನಗಳು ಆಗಲೇ ಕಳೆದಿವೆ. ಆರು ವಾರ ತುಂಬಿದ ಮೇಲೆ ಇನ್ನೊಂದು ಎಕ್ಸ್‌ರೇ ಮಾಡಿಸಿ. ಎಲ್ಲರಿಗೂ ಬೇಡ, ನಿಮಗೆ ಬೇಕು. ಬೀಡಿ ಸೇದುವವರಲ್ಲಿ ನ್ಯುಮೋನಿಯಾದ ಮರೆಯಲ್ಲಿ ಗಡ್ಡೆ ಅಡಗಿರುವುದುಂಟು, ಬಿಳಿ ಕಲೆ ಪೂರ್ತಿ ಕರಗಿದೆಯೇ ಎಂದು ನೋಡಲೇಬೇಕು. ಹೋಗುವಾಗ ಹಳೆಯ ಫಿಲ್ಮ್ ಮರೆಯದೆ ತೆಗೆದುಕೊಂಡು ಹೋಗಿ, ಎರಡನ್ನೂ ಪಕ್ಕಪಕ್ಕ ಹಿಡಿದು ನೋಡಬೇಕಾಗುತ್ತದೆ.